ಬಾಗಿಲಿಗೆ ತೂಗಿದ್ದ ಹೆಸರು

ಬೆಟಗೇರಿಯ ಕಾಳಿನ ಸಾಲಿನಲ್ಲಿ ನನ್ನ ಅಂಗಡಿಗೂ ಪಕ್ಕದ ಗೋಣಿಚೀಲದ ಅಂಗಡಿಗೂ ನಡುವೆ ಒಂದೇ ಗೋಡೆ. ಆ ದಿನ ಬೆಳಗ್ಗೆ ಚೀಲದಂಗಡಿಯವನಿಗೆ ಗೋಡೆ ಸುತ್ತಿ ಬರುವಷ್ಟೂ ಪುರುಸೊತ್ತಿರಲಿಲ್ಲ. ಆಚೆಯಿಂದಲೇ ಧಬಧಬ ಗುದ್ದಿ ಕೂಗಿದ.

"ಅಕ್ಕಾ! ಹೆಣ್ಣು! ಹೆಣ್ಣು ಹುಟ್ಟೇತಿ! ನೀ ಅತ್ತಿ ಆದಿ!"

ನಾನು ಗಿರಾಕಿಗೆ ಕಡಲೆ ತೂಗುತ್ತಿದ್ದೆ. ಖುಷಿಯಲ್ಲಿ ತಕ್ಕಡಿ ನೋಡದೆ ಇನ್ನೊಂದು ಬೊಗಸೆ ಸುರಿದುಬಿಟ್ಟೆ. ರಸ್ತೆ ಬದಿ ಒಂದು ಮೊರದಲ್ಲಿ ಕಾಳಿಟ್ಟುಕೊಂಡು ಕೂತಲ್ಲಿಂದ ಈ ಅಂಗಡಿ ಕಟ್ಟುವವರೆಗೆ ನಾನು ತೂಕ ತಪ್ಪಿದ್ದು ಅದೊಂದೇ ಸಲ. ಆ ಗಿರಾಕಿ ಈಗಲೂ ಬರುತ್ತಾನೆ, "ಮತ್ತ್ಯಾರರ ಹಡದಾರೇನ್ರಿ?" ಅಂತ ಕೇಳಿಯೇ ಕಡಲೆ ಕೊಳ್ಳುತ್ತಾನೆ.

ಅಷ್ಟು ಹಿಗ್ಗಲು ಕಾರಣ ಇತ್ತು. ನಮ್ಮ ಕಡೆ ಕೂಸಿಗೆ ಹೆಸರಿಡುವವಳು ಸೋದರತ್ತೆ, ಅಂದರೆ ಅಪ್ಪನ ಅಕ್ಕನೋ ತಂಗಿಯೋ. ತೊಟ್ಟಿಲಿಗೆ ಬಗ್ಗಿ ಕೂಸಿನ ಕಿವಿಯಲ್ಲಿ "ಕುರ್‍ರ್" ಅಂತ ಊದಿ ಹೆಸರು ಹೇಳಬೇಕು. ಅವಳು ಬಗ್ಗಿರುವಾಗಲೇ ಸುತ್ತಲಿನ ಹೆಂಗಸರು ಅವಳ ಬೆನ್ನಿಗೆ ಗುದ್ದು ಹಾಕಬೇಕು. ಗುದ್ದು ತಿಂದವಳಿಗೆ ಸೀರೆ. ಎಷ್ಟೋ ಬೆನ್ನು ಗುದ್ದಿದ್ದೇನೆ ನಾನು. ಆದರೆ ನನಗೆ ಅಣ್ಣತಮ್ಮಂದಿರಿಲ್ಲ, ನನ್ನ ಬೆನ್ನಿಗೆ ಯಾರೂ ಗುದ್ದಿರಲಿಲ್ಲ. ಚೀಲದಂಗಡಿಯವನಿಗೆ ಅಕ್ಕತಂಗಿಯರಿಲ್ಲ. ಅವರ ಮನೆಯಲ್ಲೂ ಹುಟ್ಟಿದ ಕೂಸಿನ ಕಿವಿಗೆ ಬಾಂಗು ಹೇಳಿದ ಮೇಲೆ, ನಲವತ್ತು ದಿನ ಕಳೆದು ತೊಟ್ಟಿಲ ಕಾರ್ಯ ನಮ್ಮ ಹಾಗೆಯೇ ನಡೆಯುತ್ತದೆ. ಹೆಂಡತಿ ಬಸಿರಾದಾಗಲೇ ಅವನು, "ನಮ್ಮ ಕೂಸಿಗೆ ಅತ್ತಿ ನೀನ" ಅಂದಿದ್ದ. ಆ ಮಾತನ್ನು ನಾನು ಮುಂಗಡ ಹಿಡಿದಂತೆ ಗಟ್ಟಿಯಾಗಿ ಹಿಡಿದುಕೊಂಡಿದ್ದೆ. ಮಧ್ಯಾಹ್ನದೊಳಗೆ ಸಾಲಿನ ಅಂಗಡಿಗಳಿಗೆಲ್ಲ ಪೇಢೆ ಹಂಚಿ, ನಾನು ಅತ್ತೆಯಾದ ಖಬರನ್ನೂ ಹಂಚಿ ಬಂದೆ.

ಬಾಣಂತಿ ತವರುಮನೆ ಮುಂಡರಗಿಯಲ್ಲಿದ್ದಳು. ವಾರದ ಸೂಟಿಗೆ ಇಬ್ಬರೂ ಬಸ್ಸು ಹತ್ತಿದೆವು. ದಾರಿಯುದ್ದಕ್ಕೂ ಅವನು ಮೊಬೈಲಿನಲ್ಲಿ ಹೆಸರು ಹುಡುಕಿದ್ದೇ ಹುಡುಕಿದ್ದು. ಒಂದೊಂದು ಹೆಸರಿನ ಕೆಳಗೆ ಅದೃಷ್ಟದ ಬಣ್ಣ, ಅದೃಷ್ಟದ ಹರಳು, ಅದೃಷ್ಟದ ವಾರ. "ಹೆಸರು ಎಲ್ಲಿಂದ ಬಂತು ಅನ್ನೂದು ಬಿಟ್ಟು ಉಳದದ್ದೆಲ್ಲಾ ಐತಲ್ಲೋ ಇದರಾಗ" ಅಂದೆ. ನನ್ನ ಕಡೆಯಿಂದ ಒಂದು ಮಾತು: ಮಾಲು ಯಾವ ಊರಿನದು, ಯಾರ ಹೊಲದ್ದು ಅಂತ ಹೇಳದವನ ಹತ್ತಿರ ಕಾಳನ್ನೂ ಕೊಳ್ಳಬೇಡಿ, ಹೆಸರನ್ನೂ ಕೊಳ್ಳಬೇಡಿ.

ಕೂಸು ಕೆಂಪಗೆ, ಮುಷ್ಟಿ ಬಿಗಿದುಕೊಂಡು ಮಲಗಿತ್ತು. ಬಾಣಂತಿ ಗಂಡನನ್ನು ಚಹಾದ ನೆವ ಮಾಡಿ ಹೊರಗೆ ಕಳಿಸಿ ನನ್ನ ಕೈ ಹಿಡಿದಳು.

"ಅಕ್ಕಾರ, ನಮ್ಮತ್ತಿ ಕಿವಿಗೆ ಬೀಳೂಕಿನ ಮೊದಲ ನಿಮಗ ಹೇಳ್ತೀನಿ. ನಾ ಒಂದು ಹೆಸರು ಇಟಗೊಂಡೀನಿ. ಸನಾಬಿಲ್."

"ಏನವ್ವಾ ಇದು, ಬೆಳಿಗೆ ಹೊಡಿಯೂ ಎಣ್ಣಿ ಹೆಸರಿದ್ದಂಗ ಐತಿ!"

"ನಗಸಬ್ಯಾಡ್ರಿ, ಹೊಲಿಗಿ ಜಗ್ಗತಾವು" ಅಂತ ಹೊಟ್ಟೆ ಹಿಡಿದುಕೊಂಡೇ ನಕ್ಕಳು. ಆಮೇಲೆ ಬಿಡಿಸಿ ಹೇಳಿದಳು. ಸಣ್ಣವಳಿದ್ದಾಗ ಅರಬ್ಬಿ ಓದಲು ಹೋಗುತ್ತಿದ್ದಳಂತೆ. "ಅರಬ್ಬಿಯೊಳಗ ಒಂದು ತೆನಿಗೆ ಸುಂಬುಲಾ ಅಂತಾರ್‍ರಿ. ತೆನಿ ಬಹಳ ಆದ್ರ ಸನಾಬಿಲ್. ದೇವರ ದಾರಿಯೊಳಗ ಕೊಟ್ಟದ್ದು ಒಂದು ಕಾಳು ಬಿತ್ತಿದಂಗಂತ. ಆ ಕಾಳು ಏಳು ತೆನಿ ಬಿಡ್ತೈತಿ, ಒಂದೊಂದು ತೆನ್ಯಾಗ ನೂರು ಕಾಳು. ಅಲ್ಲಿ ಬರೂ ಶಬ್ದ ಇದು."

"ಒಂದು ಕಾಳಿಗೆ ಏಳ್ನೂರು!" ನಾನು ಕೂತಲ್ಲೇ ಜಿಗಿದೆ, ಕೂಸು ಬೆಚ್ಚಿತು. ಇಂಥ ಲಾಭದ ಮಾತು ಗದಗದ ಮಾರ್ಕೆಟ್ಟಿನಲ್ಲಿ ಯಾವ ದಲಾಲಿಯೂ ಆಡಿದ್ದಿಲ್ಲ. ಆದರೂ ವ್ಯಾಪಾರಸ್ತರ ಬಾಯಿ ನೋಡಿ, ಸುಮ್ಮನಿರುವುದಿಲ್ಲ: "ಆದ್ರ ತಂಗಿ, ಜೋಳದ ದಂಟಿಗೆ ಒಂದ ತೆನಿ ಅಲ್ಲಾ?"

"ಗೋದಿಗೆ?"

"ಗೋದಿ ಬುಡದಾಗ ಮರಿ ಒಡೀತೈತಿ. ಏಳೆಂಟು ತೆನಿ ಬಂದ್ರೂ ಬಂತು."

"ಮತ್ತ!" ಅಂದಳು, ಪರೀಕ್ಷೆ ಪಾಸಾದವಳಂತೆ.

ಇನ್ನೊಂದು ಕಥೆಯನ್ನೂ ಹೇಳಿದಳು. ಒಬ್ಬ ರಾಜನಿಗೆ ಕನಸಿನಲ್ಲಿ ಏಳು ಹಸಿ ತೆನೆ, ಏಳು ಒಣ ತೆನೆ ಕಂಡವಂತೆ. ಪ್ರವಾದಿಯೊಬ್ಬರು ಅದರ ಅರ್ಥ ಒಡೆದು ಹೇಳಿದರು: ಮುಂದೆ ಏಳು ವರ್ಷ ಬೆಳೆ ಬರುತ್ತದೆ, ಆಮೇಲೆ ಏಳು ವರ್ಷ ಬರ. ಕೊಯ್ದದ್ದನ್ನು ತೆನೆಯಲ್ಲೇ ಬಿಡಿ, ತಿನ್ನುವಷ್ಟು ಮಾತ್ರ ಬಡಿಯಿರಿ. ನಾವು ಬೀಜದ ಜೋಳ ಇಡುವುದೂ ಹೀಗೆಯೇ ಅಲ್ಲವೇ! ಬಡಿದ ಕಾಳಿಗೆ ನುಸಿ ಬೇಗ ಹತ್ತುತ್ತದೆ. ತೆನೆಯಲ್ಲಿದ್ದ ಕಾಳು ತನ್ನ ಅಂಗಿಯೊಳಗೆ ತಾನು ಬೆಚ್ಚಗಿರುತ್ತದೆ. ನನ್ನ ಅಂಗಡಿಯ ಬಾಗಿಲಿಗೂ ಜೋಳದ ತೆನೆಯ ಗೊಂಚಲು ತೂಗುತ್ತದೆ, ವರ್ಷಕ್ಕೊಮ್ಮೆ ಹೊಸದು.

"ಈ ಹೆಸರು ಹೊಳದಿದ್ದು ನಿಮ್ಮ ಬಾಗಲಾಗ ಅಕ್ಕಾರ" ಅಂದಳು. "ಏಳು ತಿಂಗಳಿದ್ದಾಗ ಸೆಕಿ ತಡೀಲಾರದ ನಿಮ್ಮ ಕಟ್ಟಿಮ್ಯಾಲ ಕುಂಡ್ರತಿದ್ನೆಲ್ಲಾ. ಗುಬ್ಬಿ ಬಂದು ಆ ಗೊಂಚಲಕ್ಕ ಜೋತುಬೀಳ್ತಿದ್ವು. ಸಣ್ಣಾಕಿದ್ದಾಗ ಓದಿದ್ದು ಫಕ್ಕನ ನೆನಪಾತು. ಹೊಟ್ಟ್ಯಾಗ ಕೂಸೂ ಒದೀತು."

ನನ್ನ ಬಾಗಿಲಲ್ಲಿ ಹುಟ್ಟಿದ ಹೆಸರು! ಕೇಳಿ ನಾನು ನೆಲದ ಮೇಲೆ ಇರಲಿಲ್ಲ. ಅವಳ ದನಿ ಮಾತ್ರ ಸಣ್ಣದಾಯಿತು. "ಮದುವಿ ಸೀರಿ ನಮ್ಮತ್ತಿಯವರು ಆರಿಸಿದ್ರು. ಮನಿ ಬಣ್ಣ ಅವರು ಹೇಳಿದ್ದು. ಹಡಿಯೂ ದವಾಖಾನಿ ಸೈತ ಅವರ ಹೇಳಿದ್ದು. ನಾ ಒಂದಕ್ಕೂ ಬ್ಯಾಡ ಅಂದಿಲ್ಲ. ಇದೊಂದು ನಂದು. ಕಿವ್ಯಾಗ ಹೇಳಾಕಿ ನೀವು. ಒಮ್ಮೆ ಹೇಳಿದ್ರ ಮುಗೀತು, ಯಾರೂ ತೆಗಿಯಾಕ ಬರೂದಿಲ್ಲ."

"ಆತು ಬಿಡು" ಅಂದೆ, ಅತ್ತೆಯ ಗತ್ತಿನಲ್ಲಿ.

ಮುಂದಿನ ವಾರ ಶಿಗ್ಲಿಯಿಂದ ಚೀಲದಂಗಡಿಯವನ ತಾಯಿ ಬಂದಳು. ಹೊಲ ಮಾಡಿ, ಸಂತೆ ಮಾಡಿ ಗಟ್ಟಿಯಾದ ಮುದುಕಿ. ಮೆಣಸಿನಕಾಯಿ ಮಾರಲು ಕೂತರೆ ಎದುರಿಗಿದ್ದವನು ತಾನೇ ದರ ಏರಿಸಿ ಹೋಗಬೇಕು, ಅಂಥವಳು. ಮಗನ ಅಂಗಡಿಗೆ ಹೋಗದೆ ನೇರ ನನ್ನ ಗಾದಿಯ ಮೇಲೆ ಕೂತು ಚೀಲದಿಂದ ಒಂದು ಸೀರೆ ತೆಗೆದಳು. ಬೆಟಗೇರಿ ಮಗ್ಗದ್ದು, ಹಸಿರು ಒಡಲು, ಕೆಂಪು ಅಂಚು. ಹೊಸ ನೂಲಿನ ವಾಸನೆ ಗಮ್ಮೆಂದಿತು.

"ಅತ್ತಿ ಆಗೀದಿ, ತಗೊ. ಕಿವ್ಯಾಗ ನಮ್ಮವ್ವನ ಹೆಸರು ಹೇಳು."

ಅವಳವ್ವನ ಹೆಸರು ನಮ್ಮ ಕಡೆ ಓಣಿಗೊಬ್ಬರಿಗೆ ಇದೆ. ಕರೆದರೆ ಮೂರು ಮನೆಯಿಂದ ಓ ಅನ್ನುತ್ತಾರೆ. ಸೀರೆ ಮುಟ್ಟಿದರೆ ವ್ಯಾಪಾರ ಕುದುರಿತು ಅಂತಲೇ ಲೆಕ್ಕ. ನಾನು ಎರಡೂ ಕೈಯನ್ನು ಸೆರಗಿನೊಳಗೆ ಸೇರಿಸಿಕೊಂಡೆ.

"ಸೀರಿ ಬ್ಯಾಡನ್ನೂ ಹೆಣಮಗಳನ್ನ ಇವತ್ತ ನೋಡಿದೆ!" ಮುದುಕಿಯ ಕಣ್ಣು ಕಿರಿದಾಯಿತು. "ಸೊಸಿ ಏನೋ ಕಿವಿಗೆ ಹಾಕ್ಯಾಳ ನಿನಗ."

ಮುಚ್ಚಿಡುವುದರಲ್ಲಿ ಅರ್ಥವಿರಲಿಲ್ಲ, ಹೇಳಿದೆ. ನಂತರ ನನ್ನ ಎಲ್ಲ ವಿದ್ಯೆ ಖರ್ಚು ಮಾಡಿದೆ. "ದೊಡ್ಡವ್ವಾ, ಈ ಹೆಸರು ಗದಗದಾಗಿಲ್ಲ, ಲಕ್ಷ್ಮೇಶ್ವರದಾಗಿಲ್ಲ, ಶಿರಹಟ್ಟ್ಯಾಗಿಲ್ಲ. ಎಲ್ಲಾ ಕಡೆ ಹುಡುಕಿದ್ರೂ ನಿಮ್ಮ ಮನ್ಯಾಗ ಒಂದ ಪೀಸು!"

"ಯಾರ ಕಡೇನೂ ಇಲ್ಲಂದ್ರ ಯಾರಿಗೂ ಬ್ಯಾಡ ಆಗೇತಿ ಅಂತ ಅರ್ಥ."

"ಹಂಗಾರ ಮನ್ಯಾಗ ನಿಮ್ಮವ್ವನ ಹೆಸರು ಕರೀರಿ, ಹೊರಗ ಇದು ಇರ್ಲಿ."

"ಹುಚ್ಚಿ, ಮನಿ ಹೆಸರು ಕೂಸು ಸಾಲಿಗೆ ಹೋಗೂತನಕ ಅಷ್ಟ. ಆಮ್ಯಾಲ ಸಾಯ್ತೈತಿ." ಸೀರೆಯ ಅಂಚನ್ನು ಬೆರಳಲ್ಲಿ ತೀಡುತ್ತ ಕೂತಳು. "ನಮ್ಮವ್ವನ್ನ ಕಂಡಾವ್ರು ನಾ ಒಬ್ಬಾಕಿ ಉಳದೀನಿ. ನಾ ಹೋದಮ್ಯಾಲ ಅಕಿ ಇದ್ಲು ಅಂತ ಹೇಳಾವ್ರು ಯಾರು?"

ಮುಂಡರಗಿಯಲ್ಲಿ ಕೂತವಳ "ಇದೊಂದು ನಂದು" ಕಿವಿಯಲ್ಲಿತ್ತು, ಇವಳದೂ ಸುಳ್ಳಲ್ಲ. ಇಷ್ಟು ಹೊತ್ತು ನಾನು ಹೊಸದು, ಅಪರೂಪದ್ದು ಅಂತ ಕೂಗಿದೆನೇ ಹೊರತು ಮಾಲೇ ತೋರಿಸಿರಲಿಲ್ಲ. ಹೆಸರಿನ ಅರ್ಥವನ್ನೇ ಹೇಳಿರಲಿಲ್ಲ! ನನಗೇ ನಗು ಬಂತು. ನಿಮಗೂ ಹೇಳುತ್ತೇನೆ, ಹಿರಿಯರ ಮುಂದೆ ಹೊಸ ಹೆಸರು ಇಡುವಾಗ ಅಪರೂಪದ್ದು ಅನ್ನಬೇಡಿ. ಅಪರೂಪ ಅಂದರೆ ಅವರಿಗೆ ಗುರುತಿಲ್ಲದ್ದು ಅಂತ ಕೇಳಿಸುತ್ತದೆ.

ಎದ್ದುಹೋಗಿ ಬಾಗಿಲ ಗೊಂಚಲಿನಿಂದ ಒಂದು ತೆನೆ ಕಿತ್ತು ತಂದು ಅವಳ ಕೈಯಲ್ಲಿಟ್ಟೆ. "ಇದರ ಹೆಸರು ದೊಡ್ಡವ್ವಾ. ಸನಾಬಿಲ್ ಅಂದ್ರ ತೆನಿಗಳು." ಒಂದು ಕಾಳು ಏಳು ತೆನೆಯಾದದ್ದು, ರಾಜನ ಕನಸು, ತೆನೆಯಲ್ಲೇ ಬಿಡಿ ಅಂದ ಮಾತು, ಸೊಸೆ ಹೇಳಿದ್ದೆಲ್ಲವನ್ನೂ ಹೇಳಿದೆ.

ಮುದುಕಿಯ ಕೈ ಅಷ್ಟರಲ್ಲೇ ತನ್ನ ಕೆಲಸ ಶುರು ಮಾಡಿತ್ತು. ತೆನೆಯನ್ನು ಅಂಗೈಯಲ್ಲಿ ಉಜ್ಜಿ, ಹೊಟ್ಟು ಊದಿ, ಕಾಳೊಂದನ್ನು ದವಡೆಗಿಟ್ಟು ಕಟ್ಟೆಂದು ಕಡಿದಳು. "ಹಳೇ ಜವಾರಿ ಬೀಜ" ಅಂದಳು. ಆಮೇಲೆ ನನಗಲ್ಲ, ಆ ತೆನೆಗೇ ಹೇಳುವಂತೆ ಹೇಳಿದಳು:

"ನಮ್ಮವ್ವ ಒಲಿಮ್ಯಾಗ ಜಂತಿಗೆ ಕಟ್ಟತಿದ್ಲು. ಹೊಗಿ ಹತ್ತಿ ಕರ್‍ರಗ ಆಗ್ತಿದ್ವು ತೆನಿ. ಮನ್ಯಾಗ ರೊಟ್ಟಿಗೆ ಹಿಟ್ಟಿಲ್ಲಂದ್ರೂ ಅವನ್ನ ಮುಟ್ಟಾಕ ಬಿಡ್ತಿದ್ದಿಲ್ಲ. ಬಿತ್ತಿಗಿ ಬಂತಂದ್ರ ಓಣಿ ಮಂದಿ ಎಲ್ಲಾ ನಮ್ಮ ಬಾಗಲಕ್ಕ. ಎರಡು ತೆನಿ ಕೊಡವ್ವಾ, ನಾಕು ತೆನಿ ಕೊಡವ್ವಾ. ಯಾರಿಗೂ ಇಲ್ಲ ಅಂದಾಕಿ ಅಲ್ಲ."

ಗಿರಾಕಿ ಬಂದರು, ಆಮೇಲೆ ಬರ್ರಿ ಅಂತ ಕೈಸನ್ನೆ ಮಾಡಿ ಕಳಿಸಿದೆ. ಮುದುಕಿ ಸೆರಗಿನಿಂದ ಮೂಗು ಒರೆಸಿಕೊಂಡಳು. ಒರೆಸಿಕೊಂಡ ಮರುಗಳಿಗೆಗೇ ಮತ್ತೆ ಸಂತೆಯ ಮುಖ.

"ಹೆಸರು ಒಪ್ಪೇನಿ. ಆದ್ರ ಕಿವ್ಯಾಗ ಹೇಳಾಕಿ ನಾನು."

"ಅದ್ಹೆಂಗ ದೊಡ್ಡವ್ವಾ! ಅತ್ತಿ ನಾನು!"

"ಇದು ನಮ್ಮವ್ವನ ಹೆಸರು ಅಂತ ತಿಳದ ಒಪ್ಪೇನಿ. ನಮ್ಮವ್ವನ್ನ ಕೂಸಿನ ಕಿವಿಗೆ ನಾನ ಹಾಕಬೇಕು, ಬ್ಯಾರೆ ಬಾಯಿ ಬ್ಯಾಡ. ಬೇಕಾದ್ರ ಹೂಂ ಅನ್ನು, ಇಲ್ಲಂದ್ರ ನಾ ಮೊದಲ ಹೇಳಿದ ಹೆಸರ ಇರ್ಲಿ."

ನೋಡಿ, ಚೌಕಾಸಿಯಲ್ಲಿ ನನ್ನನ್ನು ಇಷ್ಟು ಚೆಂದ ಕಟ್ಟಿಹಾಕಿದವರು ಯಾರೂ ಇಲ್ಲ. ಇಡೀ ಸಾಲಿಗೆ ಅತ್ತೆಯಾದೆ ಅಂತ ಸಾರಿ ಬಂದವಳು ನಾನು. ಬಿಟ್ಟುಕೊಡುವುದು ಹೇಗೆ? ಆದರೆ ನನ್ನ ಹಟ ನಡೆದರೆ ಮುಂಡರಗಿಯವಳ ಹೆಸರು ಮುಳುಗುತ್ತದೆ. ಅವಳದು ಅಂತ ಇದ್ದದ್ದೇ ಅದೊಂದು. "ಹೂಂ" ಅಂದೆ. ಮುದುಕಿ ಸೀರೆಯನ್ನು ಮಡಚಿ ಚೀಲದೊಳಗೆ ವಾಪಸ್ ಹಾಕಿಕೊಂಡಳು. ತೆನೆಯನ್ನೂ ಒಯ್ದಳು.

ತೊಟ್ಟಿಲ ದಿನ ಮುಂಡರಗಿಯ ಮನೆ ತುಂಬ ಹೆಂಗಸರು. ನಾನು ಗೋಡೆಯ ಪಕ್ಕ ನಿಂತಿದ್ದೆ. ಬಾಣಂತಿಗೆ ಫೋನಿನಲ್ಲಿ ಎಲ್ಲ ಹೇಳಿದ್ದರೂ ನಂಬಿಕೆ ಬಂದಿರಲಿಲ್ಲ. ತೊಟ್ಟಿಲ ಹಗ್ಗ ಹಿಡಿದು ಮುದುಕಿಯ ಬಾಯನ್ನೇ ನೋಡುತ್ತಿದ್ದಳು. ಒಪ್ಪಿದವಳು ಬಗ್ಗಿದ ಮೇಲೆ ಬೇರೆ ಹೆಸರು ಊದಿದರೆ ತಡೆಯುವವರು ಯಾರು?

ಮುದುಕಿ ತೊಟ್ಟಿಲಿಗೆ ಬಗ್ಗಿದಳು. ಹೆಂಗಸರು ಕೈ ಎತ್ತಿದರು. ಅವಳು ಬಗ್ಗಿದಲ್ಲಿಂದಲೇ ಗದರಿದಳು:

"ಏ! ನನ್ನ ಬೆನ್ನು ಮುಟ್ಟಿದ್ರ ನೋಡ್ರಿ! ಹೆಸರು ಹೇಳಾಕ ನಾ ಬಂದೀನಿ, ಗುದ್ದು ತಿನ್ನಾಕ ಅತ್ತಿ ಬಂದಾಳ. ಬಾರಲೇ ವ್ಯಾಪಾರಸ್ತಿ, ಯಾಕ ಅಲ್ಲಿ ಗ್ವಾಡಿಗೆ ಹತ್ತಿ ನಿಂತೀದಿ!"

ನನ್ನನ್ನು ಎಳೆದು ಪಕ್ಕದಲ್ಲಿ ಬಗ್ಗಿಸಿದಳು. ಇಬ್ಬರ ತಲೆಯೂ ತೊಟ್ಟಿಲೊಳಗೆ. ಅವಳು "ಕುರ್‍ರ್" ಅಂತ ಊದಿ ಹೇಳಿದ್ದು ಕೂಸಿನಷ್ಟೇ ಹತ್ತಿರದಿಂದ ನನಗೂ ಕೇಳಿಸಿತು. ಸನಾಬಿಲ್. ಅಷ್ಟರಲ್ಲಿ ಮುಂಡರಗಿಯ ಗುದ್ದುಗಳು ನನ್ನ ಬೆನ್ನಿಗೆ ಬಿದ್ದವು. ಅಬ್ಬಾ, ಏನು ಕೈ ಆ ಊರಿನವರದು! ಒಂದೊಂದು ಗುದ್ದಿಗೂ ನಾನು ನಗುತ್ತಲೇ ಇದ್ದೆ.

"ಏನಂದ್ರಿ, ಏನಂದ್ರಿ?" ಹೆಂಗಸರು ಕೇಳಿದರು.

ಮುದುಕಿ ನೆಟ್ಟಗೆ ನಿಂತು ಇಡೀ ಮನೆಗೆ ಕೇಳುವಂತೆ ಹೇಳಿದಳು: "ಸನಾಬಿಲ್. ನಮ್ಮವ್ವನ ಹೆಸರು."

ಶಿಗ್ಲಿಯಿಂದ ಬಂದ ನೆಂಟರ ಹೆಂಗಸೊಬ್ಬಳು ಸುಮ್ಮನಿರಲಾರದೆ ಬಾಯಿ ಹಾಕಿದಳು: "ನಿಮ್ಮವ್ವನ ಹೆಸರು ಅದಲ್ಲಲ್ರೀ!"

"ನಮ್ಮವ್ವನ ಕಡೆ ಬೀಜ ಇಸಗೊಂಡ ಹೋದ ಮನ್ಯಾಕಿ ನೀ. ಹೆಸರು ನನಗ ಕಲಸಬ್ಯಾಡ."

ತೊಟ್ಟಿಲಿನ ಆಚೆ ಬಾಣಂತಿ ಹಗ್ಗ ಬಿಟ್ಟು ಎರಡೂ ಕೈಯಿಂದ ಬಾಯಿ ಮುಚ್ಚಿಕೊಂಡಿದ್ದಳು. ಕಣ್ಣು ಮಾತ್ರ ನಗುತ್ತಿದ್ದವು. ಕೂಸು ಮುಷ್ಟಿ ಬಿಚ್ಚಿ ಆಕಳಿಸಿತು.

ಆಗ ಮುದುಕಿ ಚೀಲಕ್ಕೆ ಕೈ ಹಾಕಿ ಅದೇ ಹಸಿರು ಸೀರೆ ತೆಗೆದು ನನ್ನ ಉಡಿಗೆ ಹಾಕಿದಳು. "ಈಗರ ತಗೊಂತಿಯೋ, ಇನ್ನೂ ಚೌಕಾಸಿ ಐತೋ?"

ಬೆನ್ನು ಸವರಿಕೊಳ್ಳುತ್ತ ಸೀರೆಯನ್ನು ಗಟ್ಟಿಯಾಗಿ ಅವಚಿಕೊಂಡೆ. "ಕುಪ್ಪಸದ ಕಣ ಎಲ್ಲೈತಿ ದೊಡ್ಡವ್ವಾ?" ಅಂತ ಕೇಳಿದೆ.