ಒಪ್ಪಿಸಲು ಹೋದವಳು

ಕಳೆದ ವರ್ಷ ಜುಲೈ ತಿಂಗಳು; ಭೂಮಿಯ ಈ ದಕ್ಷಿಣದ ತುದಿಯಲ್ಲಿ ಅದು ಚಳಿಗಾಲ. ಹ್ಯಾಮಿಲ್ಟನ್ನಿನಲ್ಲಿ ನರ್ಸ್ ಆಗಿರುವ ನನಗೆ ಮೈಸೂರಿನಿಂದ ಗೆಳತಿ ಶಾರದಾ ಫೋನ್ ಮಾಡಿ ಅತ್ತಳು. ಇಲ್ಲಿಗೆ ಓದಲು ಬಂದು ಕೆಲಸಕ್ಕೆ ಸೇರಿದ್ದ ಅವಳ ಮಗಳು ದಿವ್ಯಾ, ಬೀದರ್ ಕಡೆಯ ಕ್ರಿಶ್ಚಿಯನ್ ಹುಡುಗ ಸ್ಯಾಮ್ಯುಯೆಲ್‌ನನ್ನು ಮದುವೆಯಾಗುತ್ತೇನೆ ಎಂದಿದ್ದಳಂತೆ. "ನಾಲ್ಕು ಜನದ ಮುಂದೆ ಹೇಗೆ ಮುಖ ಎತ್ಕೊಂಡು ತಿರುಗ್ಲಿ? ನೀನೇ ಬುದ್ಧಿ ಹೇಳೇ," ಎಂದಳು. ಸ್ಯಾಮ್ಯುಯೆಲ್ ನನ್ನ ವಾರ್ಡಿನಲ್ಲೇ ನರ್ಸ್, ಚಿನ್ನದಂಥ ಹುಡುಗ. ಆದರೂ ಬುದ್ಧಿ ಹೇಳು ಎಂದರೆ ನಾನು ಸೊಂಟಕ್ಕೆ ಸೆರಗು ಸಿಕ್ಕಿಸಿ ಹೊರಡುವವಳು.

ಶನಿವಾರ ದಿವ್ಯಾಳಿಗೆ ಫೋನ್ ಮಾಡಿದೆ. "ಯೂನಿವರ್ಸಿಟಿಲಿ ಜಪಾನಿನ ಹಳೇ ಮೂಕಿ ಚಿತ್ರ ಇದೆ ಆಂಟಿ. ಬನ್ನಿ, ದಾರೀಲಿ ಮಾತಾಡೋಣ," ಎಂದು ತನ್ನ ಕಾರಿನಲ್ಲಿ ಕರೆದುಕೊಂಡು ಹೋದಳು. ಅಪ್ಪನ ಮಾನ, ತಂಗಿಯ ಮದುವೆ, ನೆಂಟರ ಬಾಯಿ, ಎಲ್ಲ ಹೇಳಿದೆ. ಅವಳು ರಸ್ತೆ ನೋಡುತ್ತಲೇ, "ಆಯ್ತು ಆಂಟಿ. ನಿಮ್ಮೆಲ್ಲರ ಇಷ್ಟ," ಅಂದಳು. ಇಷ್ಟು ಸುಲಭವೇ ಎಂದು ನಾನು ಹಿಗ್ಗಿದೆ.

ಪರದೆಯ ಪಕ್ಕ ಜಪಾನಿನ ಹಿರಿಯರೊಬ್ಬರು ನಿಂತಿದ್ದರು. ಮೂಕಿ ಚಿತ್ರಗಳಿಗೆ ಅಲ್ಲಿ ಹಿಂದೆಲ್ಲ ಹೀಗೆ ಒಬ್ಬರು ನಿಂತು, ನಮ್ಮ ಹರಿಕಥೆ ದಾಸರ ಹಾಗೆ, ಎಲ್ಲ ಪಾತ್ರಗಳ ಮಾತನ್ನೂ ತಾವೇ ಹೇಳುತ್ತಿದ್ದರಂತೆ. ಇವರು ಇಂಗ್ಲಿಷಿನಲ್ಲಿ ಹೇಳಿದರು. ಕಥೆಯ ಹುಡುಗಿಗೆ ಮಡಕೆ ಮಾಡುವವನ ಮೇಲೆ ಪ್ರೀತಿ. ಆದರೆ ಅಪ್ಪ ಕೊಟ್ಟ ಮಾತು ಉಳಿಸಲು ಬೇರೊಬ್ಬನನ್ನು ಮದುವೆಯಾಗಬೇಕು. ಅವಳನ್ನು ಒಪ್ಪಿಸಲು ಪಕ್ಕದ ಮನೆಯ ಹೆಂಗಸು ಬಂದಳು. ಹುಡುಗಿ ತಲೆ ತಗ್ಗಿಸಿ "ನಿಮ್ಮಿಷ್ಟ" ಎಂದಳು. ಹೆಂಗಸು ಗೆದ್ದವಳ ಹಾಗೆ ಬೀಗುತ್ತಾ ಹೊರಟಳು. ಆ ಹಿರಿಯರು ಅವಳಿಗೆ ಕೊಟ್ಟ ಧ್ವನಿ ಕೇಳಿ ಎಲ್ಲರೂ ನಕ್ಕರು. ನಾನು ಕುರ್ಚಿಯಲ್ಲೇ ಮುದುಡಿದೆ.

ಮದುವೆಯ ದಿನ ಹುಡುಗಿ ಸಿಂಗಾರ ಮಾಡಿಕೊಂಡು ಕೂತಳು. ಅಪ್ಪ, ಮದುಮಗ, ಎಲ್ಲರಿಗೂ ಧ್ವನಿ ಕೊಟ್ಟ ಆ ಹಿರಿಯರು ಅವಳಿಗೆ ಮಾತ್ರ ಧ್ವನಿ ಕೊಡದೆ ಸುಮ್ಮನೆ ನಿಂತುಬಿಟ್ಟರು. ನಾನು ಪಕ್ಕಕ್ಕೆ ತಿರುಗಿದೆ. ದಿವ್ಯಾ ಅಳುತ್ತಿರಲಿಲ್ಲ. ಕಾರಿನಲ್ಲಿ ರಸ್ತೆ ನೋಡುತ್ತಿದ್ದ ಹಾಗೆಯೇ ಪರದೆ ನೋಡುತ್ತಿದ್ದಳು.

ಹೊರಗೆ ಬರುವಷ್ಟರಲ್ಲಿ ಶಾರದಾಳ ಫೋನ್. "ಒಪ್ಪಿದ್ಲೇನೇ?"

"ಒಪ್ಪಿದ್ಲು ಕಣೇ. ಅದಕ್ಕೇ ಭಯ ಆಗ್ತಿದೆ. ನಿನ್ನ ಮಗಳು ಒಂದು ಮಾತೂ ಎದುರಾಡ್ಲಿಲ್ಲ."

"ಒಂದೂ ಆಡ್ಲಿಲ್ವಾ?" ಎಂದಳು ಶಾರದಾ. ಚಿಕ್ಕಂದಿನಲ್ಲಿ ಒಂದು ರಿಬ್ಬನ್ನಿಗೂ ಮನೆಯೆಲ್ಲ ರಂಪ ಮಾಡುತ್ತಿದ್ದ ಮಗಳು ಅದು. ಆಮೇಲೆ ಮೆಲ್ಲಗೆ ಕೇಳಿದಳು: "ಆ ಹುಡುಗ ರೊಟ್ಟಿ ತಿನ್ನೋ ಕಡೆಯವನಲ್ವಾ... ನಮ್ಮನೆ ಅನ್ನ ಸಾರು ಸೇರತ್ತೇನೇ ಅವನಿಗೆ?"

ನಾನು ಫೋನನ್ನು ದಿವ್ಯಾಳ ಕೈಗೆ ಕೊಟ್ಟೆ. ಅವಳು ಅತ್ತದ್ದು ಆಗ, ಅಮ್ಮ ಅದೇ ಪ್ರಶ್ನೆಯನ್ನು ಅವಳಿಗೂ ಕೇಳಿದಾಗ. ಈಗಲೂ ಯಾರಾದರೂ ಬೇಗನೆ "ಆಯ್ತು ಆಂಟಿ" ಎಂದರೆ ನಾನು ಅವರ ಮುಖ ನೋಡಿ ಇನ್ನೊಮ್ಮೆ ಕೇಳುತ್ತೇನೆ.