ಆಂಬ್ರೋಸನ ಲೆಕ್ಕದ ಮೀನು
ನ್ಯೂಫೌಂಡ್‌ಲ್ಯಾಂಡಿನ ಮುದಿ ಮೀನುಗಾರ ಆಂಬ್ರೋಸ್ ಹೈನ್ಸನ ಪ್ರಕಾರ ಮೀನೆಂದರೆ ಕಾಡ್ ಎಂಬ ಜಾತಿಯೊಂದೇ. ಸಾಲ್ಮನ್ ಬರೀ ಸಾಲ್ಮನ್, ಹೆರಿಂಗ್ ಬರೀ ಹೆರಿಂಗ್, ಏಡಿಯಂತೂ ಹುಳ. ಕಡಲಲ್ಲಿ ಕಾಡ್ ಬತ್ತಿದಾಗ ಅದನ್ನು ಹಿಡಿಯುವುದನ್ನು ನಿಷೇಧಿಸಿದ ಸರಕಾರ ಅವನನ್ನು ಕಂಪ್ಯೂಟರ್ ತರಬೇತಿಗೆ ಕಳಿಸಿತ್ತು; "ಇದರಲ್ಲಿ ಮೀನು ಬರುತ್ತಾ ಮೇಷ್ಟ್ರೇ?" ಎಂದು ಕೇಳಿ ಎದ್ದು ಬಂದ. ಊರಿನವರು ಏಡಿ ಹಿಡಿದು ಹೊಸ ಟ್ರಕ್ಕು ಕೊಂಡರೆ, "ಹುಳ ಮಾರಿ ಬದುಕ್ತಾವೆ" ಎನ್ನುತ್ತಾನೆ. ಮಗಳು ಬ್ರೈಡ್ ತರುವ ಅದೇ ಹುಳದಿಂದ ಅವನ ಮನೆಗೂ ಹೊಸ ಚಾವಣಿ ಬಂತು ಎಂಬ ಮಾತನ್ನು ಯಾರೂ ಎತ್ತುವಂತಿಲ್ಲ. ದಿನಾ ಸಂಜೆ ದೋಣಿ ಕಟ್ಟುವ ಧಕ್ಕೆಯಲ್ಲಿ ನಿಂತು, ಏಡಿ ತುಂಬಿ ಬಂದ ಅವಳ ದೋಣಿಯ ಹಗ್ಗ ಹಿಡಿದು ಕೇಳುತ್ತಾನೆ, "ಮೀನು ಸಿಕ್ತೇನೇ?" "ಇಲ್ಲಪ್ಪ." "ಹಂಗಾದ್ರೆ ಬರಿಗೈ ಅನ್ನು." ಕಳೆದ ವಸಂತದಲ್ಲಿ ಒಂದು ಸಂಜೆ ಮಂಜು ಕವಿದು ದೋಣಿಯ ಸುಳಿವೇ ಇರಲಿಲ್ಲ. ಆಂಬ್ರೋಸ್ ಧಕ್ಕೆ ಬಿಟ್ಟು ಕದಲದೆ ಹಳೆಯ ತಗಡಿನ ಕಹಳೆ ಊದುತ್ತಲೇ ಇದ್ದ. ಕಡೆಗೆ ಆ ದನಿಯ ಜಾಡು ಹಿಡಿದು ದೋಣಿ ಬಂತು. ಅವನು ಅದರ ಹಗ್ಗಕ್ಕೆ ಗಂಟಿನ ಮೇಲೆ ಗಂಟು ಹಾಕಿದ. ಬ್ರೈಡಳೇ ಹೇಳಿದಳು, "ಮೀನು ಸಿಗಲಿಲ್ಲಪ್ಪ." "ಯಾರೇ ಕೇಳಿದ್ರು ನಿನ್ನ?" ಎಂದ.