ಕೊಲೆಗಾರ ಯಾರೆಂದು ಹೇಳದೆ ಹೋದವನು

ಮಂಗಳವಾರ ಬೆಳಗಿನ ಆರು ಗಂಟೆ. ಸ್ಟುಡಿಯೋದ ಕಾರು ಎಂದಿನಂತೆ ಮನೆಯೆದುರು ನಿಂತು ಎರಡು ಸಲ ಹಾರ್ನ್ ಮಾಡುತ್ತದೆ. ಆ ದಿನದ ಚಿತ್ರೀಕರಣಕ್ಕೆ ಬೇಕಾದ ಹಾಳೆಗಳನ್ನು ಒಯ್ಯಲು ಚಾಲಕ ಬಂದಿದ್ದಾನೆ. ನನ್ನ ತಮ್ಮನ ಹೆಂಡತಿ ಬಾಗಿಲು ತೆರೆದು ಬರಿಗೈಯಲ್ಲಿ ನಿಲ್ಲುತ್ತಾಳೆ.

"ಇವತ್ತು ಹಾಳೆ ಇಲ್ಲಪ್ಪ. ಬರೆಯೋರು ಹೊರಟುಹೋದ್ರು."

"ಎಲ್ಲಿಗಮ್ಮ? ಹೇಳಿದ್ರೆ ನಾನೇ ಬಿಟ್ಟು ಬರ್ತಿದ್ನಲ್ಲ!"

ಅವಳು ಒಳಗೆ ಕೈ ತೋರಿಸುತ್ತಾಳೆ. ನನ್ನ ತಮ್ಮ ನಿದ್ದೆಯಲ್ಲೇ ತೀರಿಕೊಂಡ ಸುದ್ದಿ ಹೊರಗಿನವರಿಗೆ ತಿಳಿದದ್ದು ಹೀಗೆ.

ಅವನು ಮೊದಲು ನ್ಯಾಯಾಲಯದಲ್ಲಿ ನಕಲು ಬರೆಯುವ ಗುಮಾಸ್ತ. ಹನ್ನೊಂದು ವರ್ಷ ಸಾಕ್ಷಿಗಳ ಹೇಳಿಕೆಗಳನ್ನು ನಕಲು ಮಾಡಿದ. "ಸುಳ್ಳು ಹೇಳೋರು ಕೇಳದೇ ಇರೋದನ್ನೂ ಹೇಳ್ತಾರಣ್ಣ" ಎನ್ನುತ್ತಿದ್ದ. ಟಿವಿಗೆ ಬರೆದ ಮೊದಲ ಎರಡು ಪತ್ತೇದಾರಿ ಧಾರಾವಾಹಿಗಳು ಬೇರೊಬ್ಬರ ಹೆಸರಿನಲ್ಲಿ ಬಂದವು. ಅವನು ಜಗಳವಾಡಲಿಲ್ಲ, ಮೂರನೆಯದನ್ನು ಬರೆದ. ಇಪ್ಪತ್ತೆರಡು ವರ್ಷ, ಒಂಬತ್ತು ಧಾರಾವಾಹಿ, ದಿನಕ್ಕೆ ಹದಿನೆಂಟು ಪುಟ, ಎಲ್ಲವೂ ಕೈಬರಹ. ಮನೆಗೆಲಸದವರನ್ನು ಒಮ್ಮೆಯೂ ಕೊಲೆಗಾರರನ್ನಾಗಿ ಮಾಡಲಿಲ್ಲ. ಅದು ಮೈಗಳ್ಳ ಲೇಖಕರ ಕೆಲಸ ಎಂಬುದು ಅವನ ಮತ. ಪಕ್ಕದ ಮನೆಯವರು ಅವನ ಕಥೆಯನ್ನು ಒಂದು ದಿನವೂ ತಪ್ಪಿಸುತ್ತಿರಲಿಲ್ಲ. ಅವನನ್ನು ಮಾತ್ರ ಕೊನೆಯವರೆಗೂ "ಕೋರ್ಟಿನವರು" ಎಂದೇ ಕರೆದರು.

ಈಗ ಬೆಳಗಿನ ಐದಕ್ಕೆ ಅವನ ಮೇಜಿನ ಮುಂದೆ ಕೂರುವವಳು ಅವನ ಹೆಂಡತಿ. ಗಡಿಯಾರದಂಗಡಿಯ ಯಜಮಾನನ ಕೊಲೆಯ ಕಥೆಗೆ ಕೊನೆಯ ಕಂತೊಂದು ಬಾಕಿ ಇದೆ. ಕೊಂದವರು ಯಾರೆಂದು ಅವನು ಯಾರಿಗೂ ಹೇಳಿರಲಿಲ್ಲ, ಅವಳಿಗೂ ಸಹ. ಅದು ಅವರಿಬ್ಬರ ನಡುವಿನ ಕಟ್ಟುಪಾಡು. ಬರೆದದ್ದನ್ನು ಅವನು ಓದುತ್ತಿದ್ದ. ಅವಳು ತರಕಾರಿ ಹೆಚ್ಚುತ್ತಾ ಕೊಲೆಗಾರನನ್ನು ಊಹಿಸುತ್ತಿದ್ದಳು. ಊಹೆ ಸರಿಯಾದರೆ ಮುಖ ಊದಿಸಿಕೊಂಡು ಕಥೆಯನ್ನೇ ಬದಲಾಯಿಸುತ್ತಿದ್ದ.

ನಿರ್ದೇಶಕರು ಎರಡು ಸಲ ಬಂದುಹೋಗಿದ್ದಾರೆ.

"ಅಮ್ಮ, ಅಂಗಡಿ ಯಜಮಾನನ ಮಗನೇ ಕೊಂದ ಅಂತ ಬರೆದುಬಿಡಿ. ಜನ ಬೆಚ್ಚಿಬೀಳ್ತಾರೆ."

"ಮಗ ಆವತ್ತು ಊರಲ್ಲೇ ಇರಲಿಲ್ವಲ್ಲಪ್ಪ! ಬೆಚ್ಚಿಬಿದ್ದೋರು ಎದ್ದು ಕೂತು ಕೇಳಲ್ವಾ? ಇವರ ಹೆಸರು ಹಾಕಿ ಸುಳ್ಳು ತೋರಿಸೋಕೆ ನಾನು ಬಿಡಲ್ಲ."

ಒಂಬತ್ತು ದಿನ ಅವಳು ನೂರ ಹನ್ನೆರಡು ಕಂತುಗಳನ್ನು ಮೊದಲಿನಿಂದ ಓದುತ್ತಾಳೆ. ಹತ್ತನೆಯ ಬೆಳಗ್ಗೆ ನನಗೆ ಫೋನು ಬರುತ್ತದೆ. "ಭಾವ, ಬೇಗ ಬನ್ನಿ."

ನಾನು ಹೋದಾಗ ಮೊದಲ ಕಂತಿನ ಹಾಳೆ ಅವಳ ಕೈಯಲ್ಲಿದೆ.

"ಇಲ್ಲಿ ನೋಡಿ ಭಾವ. ಯಜಮಾನನ ಹೆಣ ನೋಡೋಕೆ ಬಂದ ಡಾಕ್ಟರು, ಈ ಮನೆಗೆ ಇದೇ ಮೊದಲ ಸಲ ಬರ್ತಿರೋದು ಅಂತ ಯಾರೂ ಕೇಳದೇನೇ ಹೇಳ್ತಾರೆ. ಯಾರೂ ದಾರಿ ತೋರಿಸಲ್ಲ, ಆದ್ರೂ ಸೀದಾ ಮಹಡಿ ಕೋಣೆಗೆ ಹತ್ತಿ ಹೋಗ್ತಾರೆ. ನಾನು ಆವತ್ತು ಪಾಪ, ಒಳ್ಳೇ ಡಾಕ್ಟರು ಅಂದಿದ್ದೆ. ಇವರು ಕೆಮ್ಮು ಬರೋ ಹಾಗೆ ನಕ್ಕಿದ್ರು. ಯಾಕೆ ನಕ್ಕರು ಅಂತ ಈಗ ಗೊತ್ತಾಯ್ತು."

ಮೂರು ಬೆಳಗುಗಳಲ್ಲಿ ಅವಳು ಆ ಕಂತನ್ನು ಬರೆದು ಮುಗಿಸುತ್ತಾಳೆ. ನಿರ್ದೇಶಕರು ಓದಿ, ಇದು ನಿಮ್ಮ ಯಜಮಾನರ ಬರಹವೇ ಎನ್ನುತ್ತಾರೆ. ನಿಮ್ಮ ಹೆಸರನ್ನೂ ಹಾಕೋಣವೇ ಎಂದರೆ ಅವಳು ಒಪ್ಪುವುದಿಲ್ಲ.

ಕಾರು ಹಾಳೆಗಳನ್ನು ಹೊತ್ತು ತಿರುವು ದಾಟುವವರೆಗೂ ಅವಳು ಬಾಗಿಲಲ್ಲೇ ನಿಂತಿದ್ದಾಳೆ.

"ಕೊನೆಗೂ ಹಿಡಿದೆ ಭಾವ. ನಾನು ಹಿಡಿದ್ರೆ ಇವರು ಬದಲಾಯಿಸದೆ ಬಿಡ್ತಿರಲಿಲ್ಲ. ಬಂದು ಬದಲಾಯಿಸಬಾರದಾ ಅನ್ನಿಸ್ತಿದೆ."

ದೇವರೇ, ನನಗಿಂತ ಚಿಕ್ಕವನು ನನಗಿಂತ ಮೊದಲೇ ನಿನ್ನ ಬಳಿಗೆ ಬಂದಿದ್ದಾನೆ. ದಣಿದಿದ್ದಾನೆ. ಅವನನ್ನು ನಿನ್ನ ನೆರಳಿನಲ್ಲಿ ಇರಿಸಿಕೋ, ಶಾಂತಿ ಕೊಡು.